ಎರಡು ಗ್ರಹಗಳಿಗೆ ಒಂದೇ ಉಂಗುರ ಕಟ್ಟಿದ ಬಗೆ

ಕಥೆಗೆ ಅನ್ಯಗ್ರಹದ ಜನರನ್ನು ಹುಟ್ಟಿಸುವವರು ಹೆಚ್ಚಾಗಿ ದೇವರಿಂದಲೋ ಹಬ್ಬದಿಂದಲೋ ಶುರು ಮಾಡುತ್ತಾರೆ. ಆಮೇಲೆ ಅದಕ್ಕೆ ಹೊಂದುವ ಒಂದು ವಿಚಿತ್ರ ನಕ್ಷತ್ರವನ್ನು ತಂದು ಆಕಾಶಕ್ಕೆ ನೇತುಹಾಕುತ್ತಾರೆ. ನಾನು ಇದನ್ನು ತಿರುವುಮುರುವು ಮಾಡಿದೆ. ಆಕಾಶದಲ್ಲಿ ಏನು ನಡೆಯುತ್ತದೆ ಅನ್ನುವುದನ್ನು ಮೊದಲು ಲೆಕ್ಕ ಹಾಕಿ ಗಟ್ಟಿ ಮಾಡಿಕೊಂಡೆ. ಅದು ಯಾರಿಗೆ, ಯಾವಾಗ, ಎಷ್ಟು ಕಾಲ ಕಾಣುತ್ತದೆ ಅಂತ ನೋಡಿದೆ. ನಂಬಿಕೆ, ಜಗಳ, ವ್ಯವಹಾರ ಎಲ್ಲ ಮುಕ್ಕಾಲು ಪಾಲು ಅಲ್ಲಿಂದಲೇ ಹುಟ್ಟಿಕೊಂಡವು.

ನನ್ನ ವಿದ್ಯಮಾನ ಕಲ್ಪನೆಯದ್ದು, ಬಿಡಿಭಾಗಗಳು ಮಾತ್ರ ನಿಜ. ಟಿ ಕೊರೊನೆ ಬೊರಿಯಾಲಿಸ್ ಎಂಬ ಜೋಡಿ ನಕ್ಷತ್ರವಿದೆ. ಅದು ಸುಮಾರು 80 ವರ್ಷಕ್ಕೊಮ್ಮೆ ಭಗ್ಗನೆ ಹೊತ್ತಿಕೊಳ್ಳುತ್ತದೆ. 1866ರಲ್ಲಿ ಒಮ್ಮೆ, 1946ರಲ್ಲಿ ಇನ್ನೊಮ್ಮೆ ಹಾಗಾಯಿತು. ಅಲ್ಲಿನ ಶ್ವೇತಕುಬ್ಜ (ಉರಿದು ಮುಗಿದ ಪುಟ್ಟ, ಸಾಂದ್ರ ನಕ್ಷತ್ರ) ತನ್ನ ಜೊತೆಯ ಕೆಂಪು ದೈತ್ಯನಿಂದ (ಉಬ್ಬಿದ ಮುದಿ ನಕ್ಷತ್ರ) ಅನಿಲ ಎಳೆದು ಮೈಮೇಲೆ ಪೇರಿಸಿಕೊಳ್ಳುತ್ತಾ ಹೋಗುತ್ತದೆ. ಸಾಕಷ್ಟು ಸೇರಿದ ಮೇಲೆ ಆ ಪದರ ಸ್ಫೋಟಿಸುತ್ತದೆ. ಇಂಥ ಸ್ಫೋಟಕ್ಕೆ ನೋವಾ ಅನ್ನುತ್ತಾರೆ. ಇದು ಮೊದಲ ಭಾಗ.

ಎರಡನೆಯದು ಬೆಳಕಿನ ಮಾರ್ದನಿ. ಬಂಡೆಗೆ ಎದುರಾಗಿ ಕೂಗಿದರೆ ದನಿ ತಡವಾಗಿ ಮರಳುತ್ತದಲ್ಲ, ಹಾಗೆ ಸ್ಫೋಟದ ಬೆಳಕು ಸುತ್ತಲಿನ ಧೂಳಿಗೆ ಬಡಿದು ತಡವಾಗಿ ನಮ್ಮನ್ನು ತಲುಪುತ್ತದೆ. 1901ರಲ್ಲಿ ಪರ್ಸಿಯಸ್ ನಕ್ಷತ್ರಪುಂಜದಲ್ಲಿ ಒಂದು ನೋವಾ ಕಾಣಿಸಿತು. ಅದರ ಸುತ್ತಲಿನ ಹೊಗೆಯಂಥ ಬೆಳಕು ಬೆಳಕಿಗಿಂತಲೂ ವೇಗವಾಗಿ ಹಬ್ಬಿದಂತೆ ಕಂಡಿತು. ಅಲ್ಲಿ ಯಾವ ವಸ್ತುವೂ ಓಡುತ್ತಿಲ್ಲ, ಬೇರೆ ಬೇರೆ ಧೂಳು ಸರದಿಯಂತೆ ಬೆಳಗುತ್ತಿದೆ ಅಂತ ವಿವರಿಸಿದವರಲ್ಲಿ ಖಗೋಳ ವಿಜ್ಞಾನಿ ಕಾಪ್ಟೈನ್ ಒಬ್ಬರು. 2002ರಲ್ಲಿ ಸಿಡಿದ ನಕ್ಷತ್ರ ವಿ838 ಮೊನೊಸೆರೊಟಿಸ್‌ನ ಹಬಲ್ ದೂರದರ್ಶಕದ ಚಿತ್ರಗಳನ್ನು ನೋಡಿದರೆ ಇದು ಇನ್ನೂ ಚೆನ್ನಾಗಿ ಗೊತ್ತಾಗುತ್ತದೆ.

ನಾನು ಎರಡನ್ನೂ ಸೇರಿಸಿದೆ. 80 ವರ್ಷಕ್ಕೊಮ್ಮೆ ಸಿಡಿಯುವ ನಕ್ಷತ್ರ. ಅದರ ಒಂದು ಬದಿಗೆ, ಅರ್ಧ ಜ್ಯೋತಿರ್ವರ್ಷ (ಬೆಳಕು ಅರ್ಧ ವರ್ಷದಲ್ಲಿ ಸಾಗುವಷ್ಟು) ದೂರದಲ್ಲಿ, ತೆರೆ ಹಿಡಿದಂತೆ ಒಂದು ಧೂಳಿನ ಹಾಳೆ. ಹಾಳೆಯಿರುವ ಬದಿಗೆ, ನಕ್ಷತ್ರದಿಂದ 20 ಜ್ಯೋತಿರ್ವರ್ಷ ದೂರದಲ್ಲಿ ಮೊದಲ ಗ್ರಹ. ತದ್ವಿರುದ್ಧ ದಿಕ್ಕಿನಲ್ಲಿ, 12 ಜ್ಯೋತಿರ್ವರ್ಷ ದೂರದಲ್ಲಿ ಎರಡನೆಯದು. ಇಷ್ಟನ್ನೂ ಒಂದು ಸ್ಪ್ರೆಡ್‌ಶೀಟಿಗೆ ಹಾಕಿ ಕೂತೆ. ಬೇಕಾಗಿದ್ದು ಶಾಲೆಯಲ್ಲಿ ಕಲಿತ ಪೈಥಾಗೊರಸ್ ಅಷ್ಟೇ.

ಹಾಳೆಯ ಮೇಲೆ ಈ ಮಾರ್ದನಿ ಹಿಗ್ಗುತ್ತಾ ಹೋಗುವ ಉಂಗುರದಂತೆ ಕಾಣುತ್ತದೆ. ಮೊದಲ ಗ್ರಹದವರಿಗೆ ಸ್ಫೋಟ ಕಂಡ ಗಳಿಗೆಯಲ್ಲೇ ಉಂಗುರ ಶುರುವಾಗುತ್ತದೆ. ನಾಲ್ಕನೇ ದಿನಕ್ಕೆ ಅದು ನಮ್ಮ ಹುಣ್ಣಿಮೆ ಚಂದ್ರನಿಗಿಂತ ಸ್ವಲ್ಪ ಅಗಲ. ಒಂದು ವರ್ಷಕ್ಕೆ ಸುಮಾರು ಹದಿನಾರು ಚಂದ್ರರಷ್ಟು ಅಗಲ. ಅಷ್ಟು ಹೊತ್ತಿಗೆ ಬೆಳಗುವ ಧೂಳು ನಕ್ಷತ್ರದಿಂದ ಮೂರು ಪಟ್ಟು ದೂರವಾಗಿರುತ್ತದೆ, ಹಾಗಾಗಿ ಒಂಬತ್ತು ಪಟ್ಟು ಮಂಕು. ಆಮೇಲೆ ಹರಡಿಕೊಂಡು ಕಾಣದಾಗುತ್ತದೆ.

ಎರಡನೆಯವರಿಗೆ ಕಥೆಯೇ ಬೇರೆ. ಅವರ ಪಾಲಿಗೆ ಹಾಳೆ ನಕ್ಷತ್ರದ ಹಿಂದಿದೆ. ಬೆಳಕು ಅರ್ಧ ವರ್ಷ ಹಿಂದಕ್ಕೆ ಹೋಗಬೇಕು, ಅರ್ಧ ವರ್ಷ ವಾಪಸ್ ಬರಬೇಕು. ಅಂದರೆ ಸ್ಫೋಟ ಕಂಡು ಒಂದು ವರ್ಷ ಏನೂ ಇಲ್ಲ, ಆಮೇಲೆ ಇದ್ದಕ್ಕಿದ್ದಂತೆ ಉಂಗುರ. ಧೂಳು ಬೆಳಕನ್ನು ಮುಂದಕ್ಕೇ ಜಾಸ್ತಿ ಚದುರಿಸುತ್ತದೆ, ಆದ್ದರಿಂದ ಅವರ ಉಂಗುರ ಇನ್ನೂ ಮಂಕು. ಈ ಒಂದು ವರ್ಷದ ಅಂತರ ಸಿಕ್ಕಿದ ದಿನ ನನಗೆ ಕಥೆ ಸಿಕ್ಕಿತು ಅನ್ನಬಹುದು. ಮೊದಲನೆಯವರಿಗೆ ಸ್ಫೋಟದ ಕಿಡಿಯೂ ಉಂಗುರವೂ ಒಂದೇ ಘಟನೆ. ಎರಡನೆಯವರಿಗೆ ಎರಡು ಬೇರೆ ಬೇರೆ ಘಟನೆಗಳು. ಒಂದರಿಂದ ಇನ್ನೊಂದು ಹುಟ್ಟಿತು ಅಂತ ಅವರಲ್ಲಿ ಯಾರಾದರೂ ವಾದಿಸಿದರೆ ಪುರಾವೆ ಕೇಳುತ್ತಾರೆ, ಕೇಳಬೇಕಾದ್ದೇ.

ಕಣ್ಣಿನ ವಿಷಯಕ್ಕೂ ಸ್ವಲ್ಪ ತಲೆ ಕೆಡಿಸಿಕೊಂಡೆ. ಇಂಥ ಧೂಳಿನ ಬೆಳಕು ತುಂಬ ಮಂಕು. ಗ್ರಹವನ್ನು ಹತ್ತಿರ ತಂದರೆ ಸರಿಹೋಗುತ್ತದೆ ಅನ್ನಿಸುತ್ತದೆ, ಅಲ್ವಾ? ಹೋಗುವುದಿಲ್ಲ. ಹತ್ತಿರ ಬಂದಷ್ಟೂ ಉಂಗುರ ದೊಡ್ಡದಾಗಿ ಕಾಣುತ್ತದೆ, ಆದರೆ ಅದರ ಒಂದೊಂದು ಚೂರಿನ ಹೊಳಪು ಅಷ್ಟೇ ಇರುತ್ತದೆ. ಹಾಗಾಗಿ ಎರಡೂ ಕಡೆಯವರಿಗೆ ಕತ್ತಲಲ್ಲಿ ಬೇಟೆಯಾಡುವ ದೊಡ್ಡ ಕಣ್ಣು ಕೊಟ್ಟೆ. ಉಂಗುರದ ಕಾಲದಲ್ಲಿ ಊರಲ್ಲಿ ಬೆಂಕಿ ಹಚ್ಚಬಾರದು ಎಂಬ ಅವರ ಕಟ್ಟಳೆ ಬಂದಿದ್ದು ಇಲ್ಲಿಂದಲೇ. ಅದಕ್ಕೆ ಶಾಪ, ಪುಣ್ಯ ಏನೂ ಬೇಕಾಗಲಿಲ್ಲ.

ಆಮೇಲೆ ಆಯುಸ್ಸು. ಮೊದಲ ಗ್ರಹದವರು ಬದುಕುವುದು ಆರೇ ವರ್ಷ. ಎರಡು ಉಂಗುರಗಳ ನಡುವೆ ಹದಿಮೂರು ಜೀವಿತಾವಧಿಗಳು ಕಳೆದುಹೋಗುತ್ತವೆ. ಉಂಗುರ ಕಂಡವರಿಗೆ ಅದು ಬದುಕಿನ ಆರನೇ ಒಂದು ಭಾಗ, ಉಳಿದವರಿಗೆ ಬರೀ ಹೇಳಿಕೆ. ಇಂಥವರಲ್ಲಿ ಎಣಿಕೆ ಇಟ್ಟುಕೊಳ್ಳುವ ಒಂದು ಮನೆತನ ಇರಲೇಬೇಕು ಅನ್ನಿಸಿತು. ಎರಡನೆಯವರು 400 ವರ್ಷ ಬದುಕುತ್ತಾರೆ. ಒಬ್ಬೊಬ್ಬರು ಐದು ಸಲ ನೋಡಿರುತ್ತಾರೆ. ಅವರಿಗೆ ಇದರಲ್ಲಿ ಬೆರಗೇನೂ ಇಲ್ಲ. ಸಾಲ, ಗುತ್ತಿಗೆ, ಮದುವೆಯ ಕರಾರು ಎಲ್ಲ ಉಂಗುರದಿಂದ ಉಂಗುರಕ್ಕೆ. ಇವರನ್ನು ಬರೆಯುವುದು ನನಗೆ ಜಾಸ್ತಿ ಖುಷಿ ಕೊಟ್ಟಿತು. ಅನ್ಯಗ್ರಹದವರೆಂದರೆ ಸದಾ ಆಕಾಶ ನೋಡಿ ಮಂಡಿಯೂರಬೇಕು ಎಂಬುದು ನನಗೆ ಸಾಕಾಗಿಹೋಗಿದೆ.

ನಮ್ಮಲ್ಲೇ ನೋಡಿ. 1054ರಲ್ಲಿ ಇಡೀ ನಕ್ಷತ್ರವೇ ಸಿಡಿದ ಸೂಪರ್‌ನೋವಾ 23 ದಿನ ಹಗಲಲ್ಲೂ ಕಂಡಿತು ಅಂತ ಚೀನಾದ ಆಸ್ಥಾನದವರು ಬರೆದಿಟ್ಟರು. ಯುರೋಪಿನಲ್ಲಿ ಎಲ್ಲರೂ ಒಪ್ಪುವ ಒಂದು ದಾಖಲೆಯೂ ಇಲ್ಲ. 1910ರಲ್ಲಿ ಹ್ಯಾಲಿ ಧೂಮಕೇತುವಿನ ಬಾಲದಲ್ಲಿ ವಿಷಾನಿಲವಿದೆ ಅಂತ ಗೊತ್ತಾದಾಗ ಅದಕ್ಕೆ ಗುಳಿಗೆ ಮಾರಿ ದುಡ್ಡು ಮಾಡಿಕೊಂಡವರೂ ಇದ್ದರು. ದೇವರು, ಗುಮಾಸ್ತ, ಗುಳಿಗೆ ಮಾರುವವ, ಏನೂ ಗಮನಿಸದವ ಎಲ್ಲರೂ ಇದ್ದರೇ ಅದು ಸಮಾಜ.

ಮುಂದಿನ ಆಸೆ, ಭವಿಷ್ಯ ಹೇಳುವ ಒಂದು ಪಾತ್ರ. ಎರಡನೆಯ ಗ್ರಹ ನಕ್ಷತ್ರಕ್ಕೆ ಹತ್ತಿರ, ಎಂಟು ವರ್ಷ ಮೊದಲೇ ಸ್ಫೋಟ ನೋಡುತ್ತದೆ. ಅವರು ರೇಡಿಯೊದಲ್ಲಿ ಮೊದಲನೆಯವರಿಗೆ ಸುದ್ದಿ ಕೊಟ್ಟರೆ? ಕೊಡಬಹುದು, ಆದರೆ ಸುದ್ದಿ 32 ಜ್ಯೋತಿರ್ವರ್ಷ ಸಾಗಬೇಕು. ಅದು ಮುಟ್ಟುವ ಹೊತ್ತಿಗೆ ಇವರು ಸ್ಫೋಟ ನೋಡಿ 24 ವರ್ಷ ಆಗಿರುತ್ತದೆ. ಗ್ರಹಗಳನ್ನು ಎಲ್ಲಿಟ್ಟರೂ ಸಂದೇಶ ಆ ಬೆಳಕನ್ನು ಹಿಂದೆ ಹಾಕಲಾರದು, ಹೆಚ್ಚೆಂದರೆ ಜೊತೆಗೆ ಬಂದೀತು. ಹಾಗಾಗಿ ನನ್ನ ಲೋಕದಲ್ಲಿ ಪ್ರವಾದಿ ಆಗಬೇಕಾದರೆ ಲೆಕ್ಕ ಬರಬೇಕು. ಎಣಿಕೆಯ ಮನೆತನಕ್ಕೆ ಅಧಿಕಾರ ಬಂದಿದ್ದು ಹೀಗೆ.

ಕೊನೆಗೆ ಕಥೆಯ ತಿರುಳು ಆಗಿದ್ದು ಒಂದು ಕರಾರು. ಎರಡು ಗ್ರಹಗಳ ನಡುವೆ ಜ್ಞಾನದ ವಿನಿಮಯ, ಅವಧಿ "ಕಿಡಿಯಿಂದ ಮುಂದಿನ ಸುತ್ತಿನ ಉಂಗುರದವರೆಗೆ". ಒಬ್ಬರ ಲೆಕ್ಕದಲ್ಲಿ 80 ವರ್ಷ, ಇನ್ನೊಬ್ಬರ ಲೆಕ್ಕದಲ್ಲಿ 81. ಪ್ರಶ್ನೆ ಹೋಗಿ ಉತ್ತರ ಬರಲು 64 ವರ್ಷ ಬೇಕು. 400 ವರ್ಷ ಬದುಕುವವನು ತಾನೇ ಸಹಿ ಮಾಡಿದ್ದರ ಬಗ್ಗೆ ತಾನೇ ವಾದಿಸುತ್ತಾನೆ. ಈ ಕಡೆ ಸಹಿ ಮಾಡಿದವಳ ಎಷ್ಟೋ ತಲೆಮಾರುಗಳ ಆಚೆಯ ಮೊಮ್ಮಗಳು ಎದ್ದು ನಿಂತು, ಆ ಹೆಚ್ಚುವರಿ ವರ್ಷ ಯಾವುದು ತೋರಿಸಿ ಅಂತ ಕೇಳುತ್ತಾಳೆ.