ಮಗು ‘ಯಾಕ?’ ಎಂದು ಕೇಳಿದಾಗ

ಮೂರು ವರ್ಷ ತುಂಬುವ ಹೊತ್ತಿಗೆ ಬಹುಪಾಲು ಮಕ್ಕಳು ‘ಯಾಕ?’ ಎಂದು ಎಡೆಬಿಡದೆ ಕೇಳತೊಡಗುತ್ತಾರೆ. ದಿನವಿಡೀ ದುಡಿದು ದಣಿದವರಿಗೆ ‘ಸುಮ್ಮ ಕೂಡು’ ಎಂದುಬಿಡುವುದು ಸುಲಭ. ಆದರೆ ಬಾಯಿ ಮುಚ್ಚಿಸಿದ ಮಾತ್ರಕ್ಕೆ ಮಗುವಿನ ತಿಳಿಯುವ ಆಸೆ ಅಡಗುವುದಿಲ್ಲ, ಅದು ನಮ್ಮನ್ನು ಕೇಳುವುದನ್ನಷ್ಟೇ ಬಿಡುತ್ತದೆ.

ಉತ್ತರಿಸುವ ಮೊದಲು ಮಗು ಏನನ್ನು ಕೇಳುತ್ತಿದೆ ಎಂಬುದನ್ನು ತಿಳಿದುಕೊಳ್ಳಬೇಕು. ಕಲಬುರಗಿಯ ಬೇಸಿಗೆಯಲ್ಲಿ ಗಡಿಗೆಯ ನೀರು ಕುಡಿದ ಮಗು ‘ಆಯಿ, ಈ ನೀರು ಯಾಕ ತಣ್ಣಗ ಅದ?’ ಎಂದರೆ, ‘ನಿನಗ ಏನ ಅನಸ್ತದ?’ ಎಂದು ಕೇಳಿ ನೋಡಿ. ಯಾರೋ ಒಳಗೆ ಮಂಜುಗಡ್ಡೆ ಹಾಕಿದ್ದಾರೆ ಎಂದು ಅದು ಹೇಳಬಹುದು. ನಗದೆ, ಗಡಿಗೆಯ ಹೊರಮೈಯನ್ನು ಮುಟ್ಟಿಸಿ. ಅಲ್ಲಿ ತೇವ ಕೈಗೆ ಹತ್ತುತ್ತದೆ. ಬಳಿಕ ಮಗುವಿನ ಒಂದು ಅಂಗೈಯನ್ನು ಮಾತ್ರ ಒದ್ದೆ ಮಾಡಿ, ಎರಡರ ಮೇಲೂ ಊದಿ. ಒದ್ದೆ ಕೈಯೇ ಹೆಚ್ಚು ತಣ್ಣಗಾಗುವುದು ಅದಕ್ಕೆ ತಾನಾಗಿಯೇ ತಿಳಿಯುತ್ತದೆ. ಮಣ್ಣಿನ ಗಡಿಗೆಯಲ್ಲಿ ಕಣ್ಣಿಗೆ ಕಾಣದಷ್ಟು ಸಣ್ಣ ತೂತುಗಳಿವೆ, ಅವುಗಳ ಮೂಲಕ ಜಿನುಗಿದ ನೀರು ಆರುವಾಗ ಗಡಿಗೆಯ ಶಾಖವನ್ನೂ ಒಯ್ಯುತ್ತದೆ ಎಂದು ಆಮೇಲೆ ಹೇಳಿದರೆ ಸಾಕು. ಸ್ಟೀಲಿನ ಕೊಡದಲ್ಲಿ ಹೀಗೇಕೆ ಆಗುವುದಿಲ್ಲ, ಮಳೆಗಾಲದಲ್ಲಿ ಗಡಿಗೆಯ ನೀರು ಅಷ್ಟೇಕೆ ತಣ್ಣಗಾಗುವುದಿಲ್ಲ ಎಂಬ ಪ್ರಶ್ನೆಗಳು ಇದರ ಬೆನ್ನಿಗೇ ಬಂದರೆ, ಮಗುವಿಗೆ ವಿಷಯ ಹಿಡಿಸಿದೆ ಎಂದೇ ಅರ್ಥ.

ಗೊತ್ತಿಲ್ಲದ್ದಕ್ಕೆ ಕತೆ ಕಟ್ಟಬಾರದು. ‘ನನಗ ಗೊತ್ತಿಲ್ಲ, ಕೇಳಿ ತಿಳ್ಕೊಳ್ಳೋಣ’ ಎನ್ನುವುದರಲ್ಲಿ ಕುಂದೇನೂ ಇಲ್ಲ, ಆದರೆ ಆ ಮಾತನ್ನು ನಡೆಸಿಕೊಡಬೇಕು. ಲೋಹದ ಮೇಲೆ ಬೆಳ್ಳಿಯ ಕುಸುರಿ ಕೂರಿಸಿದ ಬೀದರಿನ ಬಿದರಿ ಹೂಜಿ ಏಕೆ ಕಪ್ಪು ಎಂಬ ಪ್ರಶ್ನೆಗೆ ಅದನ್ನು ತಯಾರಿಸುವವರ ಬಳಿಯೇ ಕರೆದುಕೊಂಡು ಹೋಗಬಹುದು. ನಾಲ್ಕು ವರ್ಷದ ಮಗುವಿಗೆ ‘ಒಂದು ಬಗೆಯ ಮಣ್ಣು ಹಚ್ಚಿದಾಗ ಈ ಲೋಹ ಕಪ್ಪಾಗುತ್ತದೆ, ಅದರ ಮೇಲಿನ ಬೆಳ್ಳಿ ಕಪ್ಪಾಗುವುದಿಲ್ಲ’ ಎಂಬಷ್ಟು ಸಾಕು. ಲೋಹದಲ್ಲಿ ಸತುವೇ ಹೆಚ್ಚು, ತಾಮ್ರ ಸ್ವಲ್ಪ, ಕಪ್ಪಾಗಿಸಲು ಹಳೆಯ ಕೋಟೆಯ ಮಣ್ಣಿನ ಜೊತೆ ನವಸಾಗರ ಎಂಬ ಲವಣವನ್ನು ಬಳಸುತ್ತಾರೆ ಎಂಬುದನ್ನು ಹತ್ತು ವರ್ಷದ ಮಗುವಿಗೆ ಹೇಳಬಹುದು. ತಮ್ಮ ಎಲ್ಲಿಂದ ಬಂದ ಎಂಬ ಪ್ರಶ್ನೆಗೂ ಇದೇ ರೀತಿ, ಅವ್ವನ ಹೊಟ್ಟೆಯೊಳಗಿನ ಗರ್ಭಕೋಶದಲ್ಲಿ ಬೆಳೆದ ಎಂದು ನಿಜವನ್ನೇ ಚಿಕ್ಕದಾಗಿ ಹೇಳಬೇಕು. ಆಸ್ಪತ್ರೆಯಿಂದ ಕೊಂಡು ತಂದೆವು ಎನ್ನಬಾರದು.

ಎಲ್ಲಕ್ಕಿಂತ ಹೆಚ್ಚು ಎಚ್ಚರ ಬೇಕಾದದ್ದು ಸಾವಿನ ಕುರಿತ ಪ್ರಶ್ನೆಗೆ. ಅಜ್ಜ ತೀರಿಕೊಂಡ ಮೇಲೆ ಮಗು ‘ಮುತ್ಯಾ ಎಲ್ಲಿ ಹೋಗ್ಯಾನ?’ ಎಂದಾಗ ‘ಮಲಗ್ಯಾನ’ ಎಂದರೆ ಮಗು ತಾನು ಮಲಗಲು ಹೆದರಬಹುದು, ‘ಊರಿಗೆ ಹೋಗ್ಯಾನ’ ಎಂದರೆ ಬಾಗಿಲು ಕಾಯುತ್ತ ಕೂಡಬಹುದು. ಮುತ್ಯಾ ಸತ್ತಿದ್ದಾನೆ, ಅವನ ಉಸಿರು ನಿಂತಿದೆ, ಅವನಿಗೆ ಈಗ ನೋವಿಲ್ಲ, ಹಸಿವಿಲ್ಲ, ಅವನು ತಿರುಗಿ ಬರುವುದಿಲ್ಲ ಎಂದು ಮಗುವನ್ನು ಹತ್ತಿರ ಕೂರಿಸಿಕೊಂಡು ಹೇಳಿ. ನಿಮ್ಮ ಮನೆಯ ನಂಬಿಕೆಯ ಮಾತುಗಳನ್ನು ಇದಾದ ಮೇಲೆ ಸೇರಿಸಬಹುದು. ಮರುದಿನ ಅದೇ ಪ್ರಶ್ನೆ ಮತ್ತೆ ಬಂದರೂ ಅದೇ ಉತ್ತರವನ್ನು ಅಷ್ಟೇ ತಾಳ್ಮೆಯಿಂದ ಕೊಡಿ. ‘ಅವ್ವಾ, ನೀನೂ ಸಾಯ್ತಿ?’ ಎಂದು ಕೇಳಿದರೆ, ಇಲ್ಲ ಎಂದು ಸುಳ್ಳಾಡಬೇಡಿ. ಎಲ್ಲರೂ ಒಂದು ದಿನ ಸಾಯುತ್ತಾರೆ, ಹೆಚ್ಚಿನವರು ಬಹಳ ವಯಸ್ಸಾದ ಮೇಲೆ, ನಾನು ನಿನ್ನೊಂದಿಗೆ ಬಹಳ ವರ್ಷ ಇರಬೇಕೆಂದುಕೊಂಡಿದ್ದೇನೆ ಎಂದು ಹೇಳಿ, ಅಪ್ಪ, ಆಯಿ, ಕಾಕಾ ಎಂದು ಅದನ್ನು ನೋಡಿಕೊಳ್ಳುವವರ ಹೆಸರುಗಳನ್ನೂ ಎಣಿಸಿ ತೋರಿಸಿ.