ಹೊಡೆದವನೇ ಹೊರಬೇಕು

"ಹುಡುಗರ ಆಟ, ಬಿಡ್ರಿ ಸರ" ಅಂದವರೇ ಈಗ ಫೋನ್ ಮಾಡಿ ಶಾಲೆ ಹುಡುಗರ ಗುಂಡು ಹಾರಿಸುವ ಆಟವನ್ನು ಹೇಗೆ ತಿದ್ದಿದಿರಿ ಅಂತ ಕೇಳುತ್ತಿದ್ದಾರೆ. ಅದಕ್ಕೇ ಬರೆಯುತ್ತಿದ್ದೇನೆ.

ಹಾವೇರಿ ಹತ್ತಿರದ ಹಳ್ಳಿ ಶಾಲೆಯಲ್ಲಿ ನಾನು ಮಾಸ್ತರ. 2025ರ ಮೇ ತಿಂಗಳಲ್ಲಿ ಟಿವಿ ತುಂಬ ಭಾರತ-ಪಾಕಿಸ್ತಾನ ಸಂಘರ್ಷದ ಡ್ರೋನು, ಕ್ಷಿಪಣಿ. ರಜೆ ಮುಗಿಸಿ ಬಂದ ಹುಡುಗರು ದಿನಾ ಮಿಲಿಟರಿ ಆಟ ಶುರು ಮಾಡಿದರು. ಆಟಕ್ಕೆ ನನ್ನ ತಕರಾರಿಲ್ಲ, ನಾವೂ ಆಡಿದ್ದೇವೆ ಅಲ್ವಾ. ಆದರೆ ಇವರು ಬಿದ್ದವನನ್ನು ತುಳಿದುಕೊಂಡೇ ಓಡುತ್ತಿದ್ದರು. ಅವನು ಹತ್ತು ಎಣಿಸಿ ಎದ್ದು ಮತ್ತೆ ಗುಂಡು ಹಾರಿಸುತ್ತಿದ್ದ. ಸಾವು ಅಂದರೆ ಹತ್ತು ಎಣಿಸುವಷ್ಟು ಹೊತ್ತು! ನನಗೆ ನೋಡಲಾಗಲಿಲ್ಲ.

ಮೊದಲು ಆಟಿಕೆ ಪಿಸ್ತೂಲು ಕಸಿದುಕೊಂಡೆ. ಮರುದಿನ ಸ್ಕೇಲು ಬಂತು, ಅದನ್ನೂ ಕಸಿದರೆ ಬೆರಳು. ಆಮೇಲೆ ದುಡ್ಡು ಸುರಿದೆ. ಪಿಸ್ತೂಲು ಕೊಟ್ಟವನಿಗೆ 30 ರೂಪಾಯಿಯ ಚೆಂಡು. ಎರಡು ವಾರದಲ್ಲಿ ಹೆಚ್ಚುಕಮ್ಮಿ 1,800 ರೂಪಾಯಿ ಹೋಯ್ತು. ಸಂತೆಯಲ್ಲಿ 20 ರೂಪಾಯಿಗೆ ಪಿಸ್ತೂಲು ತಂದು ಚೆಂಡು ಒಯ್ಯುತ್ತಿದ್ದರು.

ನಡುವೆ ಹಾನಗಲ್ಲಿನ ತಾರಕೇಶ್ವರ ಗುಡಿಗೆ ಕರೆದುಕೊಂಡು ಹೋದೆ, ವೀರಗಲ್ಲು ತೋರಿಸಲು. ಬಸ್ಸು, ಮಂಡಕ್ಕಿ, ಮಿರ್ಚಿ ಸೇರಿ 3,000ದ ಹತ್ತಿರ. ಕಲ್ಲಿನ ಕೆಳಗಿನ ಹಂತದಲ್ಲಿ ಕೆತ್ತಿದ ಕಾಳಗ ನೋಡಿ ಹುಡುಗರು ಕತ್ತಿ ಬೀಸಿದ್ದೇ ಬೀಸಿದ್ದು. ಈ ದುಡ್ಡೂ ದಂಡ ಅಂದುಕೊಂಡೆ. ಅಷ್ಟರಲ್ಲಿ ಒಬ್ಬ ಮೇಲಿನ ಹಂತಕ್ಕೆ ಬೆರಳು ತೋರಿಸಿದ. ಅಲ್ಲಿ ಅಪ್ಸರೆಯರು ವೀರನನ್ನು ಒಯ್ಯುತ್ತಿದ್ದರು. "ಸರ, ಸತ್ತಾವನ್ನ ಕರಕೊಂಡ ಹೊಂಟಾರ್ರಿ. ನಮ್ಮ ಆಟದಾಗ ಯಾರೂ ಒಯ್ಯಂಗಿಲ್ಲಲ್ರಿ?"

ಮರುದಿನವೇ ನಿಯಮ ಮಾಡಿದೆ. ಹೊಡೆದವನೇ ಬಿದ್ದವನನ್ನು ಬೇವಿನ ಕಟ್ಟೆಗೆ ಹೊತ್ತು ತರಬೇಕು. ನೀರು ಕೊಡಬೇಕು. ಅವನ ಮನೆಯಲ್ಲಿ ಯಾರ್ಯಾರಿದ್ದಾರೆ ಅಂತ ಕೇಳಬೇಕು. ಅಲ್ಲಿತನಕ ಹೊಡೆದವನಿಗೆ ಗುಂಡಿಲ್ಲ. ಒಂದು ವಾರ ಯಾರೂ ಕಿವಿಗೆ ಹಾಕಿಕೊಳ್ಳಲಿಲ್ಲ. ಕೊನೆಗೆ ನಾನೇ ಆಟಕ್ಕಿಳಿದು ಸತ್ತೆ. ಎತ್ತಲು ಐದು ಜನ ಬೇಕಾಯ್ತು. ಅವತ್ತಿನಿಂದ ನಿಯಮ ಗಟ್ಟಿಯಾಗಿ ನೆಲೆನಿಂತಿತು.

ಪಿಸ್ತೂಲು ಇನ್ನೂ ಇವೆ. ಆದರೆ ಮೊದಲು ಒಂದು ಬಿಡುವಿನಲ್ಲಿ 30-40 ಜನ ಸಾಯುತ್ತಿದ್ದರು, ಈಗ ಐದಾರು. ಹೊರುವುದು ಸುಮ್ನೆ ಮಾತಲ್ಲ. ಹೋದ ವಾರ ಒಬ್ಬ ಸಣ್ಣವ ಏಳನೇ ತರಗತಿಯ ದೊಡ್ಡ ಹುಡುಗನನ್ನು ಹೊಡೆದ. ಎಳೆದರೂ ಬರಲಿಲ್ಲ. ಎರಡೂ ಕಡೆಯವರು ಗೋಣಿಚೀಲ ತಂದು ಎತ್ತಿದರು. ಗಂಟೆ ಹೊಡೆದರೂ ಕಟ್ಟೆ ಬಿಡದೆ, ಅವನಿಗೆ ಎಷ್ಟು ಜನ ಅಕ್ಕಂದಿರು ಅಂತ ಕೇಳುತ್ತಾ ಕೂತಿದ್ದರು.