ಇಂಡಕ್ಟರ್ ಎಷ್ಟು ಕರೆಂಟ್ ತಾಳೀತು? ಸ್ಯಾಚುರೇಶನ್ ಅಳೆಯುವ ಬಗೆ

ಎಲ್‌ಸಿಆರ್ ಮೀಟರಿಗೆ (ಇಂಡಕ್ಟೆನ್ಸ್ ಅಳೆಯುವ ಉಪಕರಣ) ಹಚ್ಚಿದಾಗ 33 ಮೈಕ್ರೊಹೆನ್ರಿ ತೋರಿಸುವ ಇಂಡಕ್ಟರಿನಲ್ಲಿ (ಕೋರಿಗೆ ಸುತ್ತಿದ ತಂತಿಯ ಸುರುಳಿ), ವೋಲ್ಟೇಜ್ ಇಳಿಸುವ ಬಕ್ ಕನ್ವರ್ಟರಿನೊಳಗೆ 4 ಆಂಪಿಯರ್ ಹರಿಯುವಾಗ ಅದರ ಅರ್ಧವೂ ಉಳಿದಿರಲಿಕ್ಕಿಲ್ಲ. ಮೀಟರ್ ಕೆಲವೇ ಮಿಲಿಆಂಪಿಯರ್ ಹರಿಸಿ ಅಳೆಯುತ್ತದೆ. ಕೋರ್ ಮೇಲೆ ನಿಜವಾದ ಹೊರೆ ಬಿದ್ದಾಗ ಏನಾಗುತ್ತದೆ ಎಂಬುದು ಅದಕ್ಕೆ ಕಾಣುವುದಿಲ್ಲ. ಸ್ವಿಚಿಂಗ್ ಮಾಸ್ಫೆಟ್ (ಕರೆಂಟನ್ನು ಆನ್-ಆಫ್ ಮಾಡುವ ಟ್ರಾನ್ಸಿಸ್ಟರ್) ಮೇಲಿಂದ ಮೇಲೆ ಸುಡುತ್ತಿದ್ದರೆ, ಪೂರ್ತಿ ಲೋಡಿನಲ್ಲಿ ರಿಪಲ್ (ಕರೆಂಟಿನ ಏರಿಳಿತ) ಏಕಾಏಕಿ ಏರಿದರೆ, ಬೋರ್ಡ್ ಕೀರಲು ಸದ್ದು ಮಾಡುತ್ತಾ ಕರೆಂಟ್ ಲಿಮಿಟ್‌ಗೆ ಹೋಗಿ ಬರುತ್ತಿದ್ದರೆ ಮೊದಲು ಇಂಡಕ್ಟರನ್ನು ಅನುಮಾನಿಸಬೇಕು. ಆಸಿಲೋಸ್ಕೋಪ್ ಕೈಯಲ್ಲಿದ್ದರೆ, ಒಂದು ಸಣ್ಣ ಸರ್ಕ್ಯೂಟ್ ಕಟ್ಟಿಕೊಂಡು ಸ್ಯಾಚುರೇಶನ್ನನ್ನು ಕಣ್ಣಾರೆ ನೋಡಬಹುದು, ಅಳೆಯಲೂಬಹುದು.

ಕೋರ್ ಒಳಗೆ ಆಗುವುದೇನು?

ಸುರುಳಿಯಲ್ಲಿ ಕರೆಂಟ್ ಹೆಚ್ಚಿದಂತೆ ಕೋರಿನ ಕಾಂತೀಯ ಫ್ಲಕ್ಸ್ ಹೆಚ್ಚುತ್ತದೆ. ಕೋರಿನೊಳಗಿನ ಕಾಂತೀಯ ವಲಯಗಳೆಲ್ಲ ಒಂದೇ ದಿಕ್ಕಿಗೆ ತಿರುಗಿದ ಮೇಲೆ ಅದು ಇನ್ನಷ್ಟು ಫ್ಲಕ್ಸ್ ಕೊಡಲಾರದು. ಇದೇ ಸ್ಯಾಚುರೇಶನ್. ಅಲ್ಲಿಂದ ಮುಂದೆ ಸುರುಳಿ ಬಹುಮಟ್ಟಿಗೆ ಬರೀ ಗಾಳಿಯಲ್ಲಿ ಸುತ್ತಿದ ತಂತಿಯಂತೆ ವರ್ತಿಸುತ್ತದೆ, ಇಂಡಕ್ಟೆನ್ಸ್ ಕುಸಿಯುತ್ತದೆ. ಪವರ್ ಫೆರೈಟ್ ಎಲ್ಲಿ ಸ್ಯಾಚುರೇಟ್ ಆಗುತ್ತದೆ ಎಂಬುದಕ್ಕೆ ಎನ್87 ಒಳ್ಳೆಯ ಉದಾಹರಣೆ. ಅದರ ಡೇಟಾಶೀಟಿನಲ್ಲಿ 25 ಡಿಗ್ರಿ ಸೆಲ್ಸಿಯಸ್‌ಗೆ 490 ಮಿಲಿಟೆಸ್ಲಾ, 100 ಡಿಗ್ರಿಗೆ 390 ಮಿಲಿಟೆಸ್ಲಾ ಎಂದಿದೆ. ಬಿಸಿಯಾದಾಗ ಮಿತಿ ಐದರಲ್ಲಿ ಒಂದು ಪಾಲು ಇಳಿಯಿತೆಂದಾಯಿತು. ಇದನ್ನು ನೆನಪಿನಲ್ಲಿಡಿ, ಕೊನೆಗೆ ಬೇಕಾಗುತ್ತದೆ.

ಕೋರಿನ ಜಾತಿಯಿಂದ ಕುಸಿತದ ರೀತಿಯೂ ಬದಲಾಗುತ್ತದೆ. ಫೆರೈಟ್ ಕೊನೆಯವರೆಗೂ ಸರಿಯಾಗಿದ್ದು ತಟ್ಟನೆ ಬೀಳುತ್ತದೆ. ಹಳದಿ ಬಣ್ಣ, ಒಂದು ಮುಖಕ್ಕೆ ಬಿಳಿ ಹಚ್ಚಿದ ಕಬ್ಬಿಣದ ಪುಡಿಯ ಉಂಗುರ (ಕಂಪ್ಯೂಟರ್ ಎಸ್‌ಎಂಪಿಎಸ್ ಅಂದರೆ ಪವರ್ ಸಪ್ಲೈ ಬಿಚ್ಚಿದವರಿಗೆ ಪರಿಚಿತ) ಮೊದಲ ಆಂಪಿಯರಿನಿಂದಲೇ ನಿಧಾನವಾಗಿ ಇಳಿಯುತ್ತಾ ಹೋಗುತ್ತದೆ.

ಎಸ್‌ಎಂಪಿಎಸ್‌ನ ಮೇನ್ಸ್ ಫಿಲ್ಟರಿನಿಂದ ಬಿಚ್ಚಿದ ಹಸಿರು ಫೆರೈಟ್ ಉಂಗುರಕ್ಕೆ ತಂತಿ ಸುತ್ತಿ ಬಕ್ ಕನ್ವರ್ಟರಿಗೆ ಹಾಕುವ ಅಭ್ಯಾಸ ಹಲವರಿಗಿದೆ. ಗಾಳಿಯ ಅಂತರವಿಲ್ಲದ, 5000 ಪರ್ಮಿಯಬಿಲಿಟಿಯ (ಫ್ಲಕ್ಸನ್ನು ಹಾಯಗೊಡುವ ಸಾಮರ್ಥ್ಯ), 60 ಮಿಲಿಮೀಟರ್ ಕಾಂತೀಯ ಪಥದ ಉಂಗುರಕ್ಕೆ 10 ಸುತ್ತು ಹಾಕಿದರೆ ಪ್ರತಿ ಆಂಪಿಯರಿಗೆ ಸುಮಾರು 1 ಟೆಸ್ಲಾ ಫ್ಲಕ್ಸ್ ಸಾಂದ್ರತೆ ಬೇಕಾಗುತ್ತದೆ. ಫೆರೈಟ್ ಅಷ್ಟನ್ನು ಕೊಡಲಾರದು, 0.4 ಆಂಪಿಯರಿಗೇ ಅದರ ಕಥೆ ಮುಗಿಯುತ್ತದೆ. ಅಷ್ಟೇ ಗಾತ್ರದ, 75 ಪರ್ಮಿಯಬಿಲಿಟಿಯ ಹಳದಿ-ಬಿಳಿ ಉಂಗುರದಲ್ಲಿ ಅದೇ 10 ಸುತ್ತಿಗೆ 30 ಆಂಪಿಯರ್ ಹರಿದರೂ ಫ್ಲಕ್ಸ್ ಅರ್ಧ ಟೆಸ್ಲಾ ಮುಟ್ಟುವುದಿಲ್ಲ. ಎಲ್‌ಸಿಆರ್ ಮೀಟರ್ ಮಾತ್ರ ಹಸಿರು ಉಂಗುರಕ್ಕೇ ಹೆಚ್ಚು ಅಂಕ ಕೊಡುತ್ತದೆ.

ಡೇಟಾಶೀಟಿನ ಎರಡು ಕರೆಂಟುಗಳು

ಒಳ್ಳೆಯ ತಯಾರಕರು ಎರಡು ಅಂಕಿ ಕೊಡುತ್ತಾರೆ. ಒಂದು ಸ್ಯಾಚುರೇಶನ್ ಕರೆಂಟ್: ಇಂಡಕ್ಟೆನ್ಸ್ ಇಂತಿಷ್ಟು ಶೇಕಡಾ ಇಳಿಯುವ ಕರೆಂಟ್. ಇನ್ನೊಂದು ಬಿಸಿಯ ಮಿತಿ: ಇಂಡಕ್ಟರಿನ ತಾಪಮಾನ, ಸಾಮಾನ್ಯವಾಗಿ 40 ಡಿಗ್ರಿ, ಏರುವಷ್ಟು ಕರೆಂಟ್. ಮೊದಲನೆಯದನ್ನು ಪೀಕ್ ಕರೆಂಟಿನೊಂದಿಗೆ ಹೋಲಿಸಬೇಕು, ಎರಡನೆಯದನ್ನು ಆರ್‌ಎಂಎಸ್ ಕರೆಂಟಿನೊಂದಿಗೆ. ಆ ‘ಇಂತಿಷ್ಟು ಶೇಕಡಾ’ ಒಬ್ಬರಲ್ಲಿ 10, ಇನ್ನೊಬ್ಬರಲ್ಲಿ 20, ಮತ್ತೊಬ್ಬರಲ್ಲಿ 30. ಹಾಗಾಗಿ ಇಬ್ಬರು ತಯಾರಕರ ‘5 ಆಂಪಿಯರ್’ ಒಂದೇ ಆಗಿರಬೇಕಿಲ್ಲ. ಡೇಟಾಶೀಟೇ ಇಲ್ಲದೆ ‘3 ಆಂಪ್’ ಎಂದಷ್ಟೇ ಹೇಳಿ ಮಾರುವ ಇಂಡಕ್ಟರಿನಲ್ಲಿ ಆ 3 ಯಾವುದರ ಲೆಕ್ಕ ಎಂದು ಗೊತ್ತಾಗುವುದೇ ಇಲ್ಲ. ಅಂಥವನ್ನು ಅಳೆಯದೆ ಬಳಸಬಾರದು.

ಅಳತೆಯ ಸರ್ಕ್ಯೂಟ್

ಇಂಡಕ್ಟರಿಗೆ ಸ್ಥಿರ ವೋಲ್ಟೇಜ್ ಕೊಟ್ಟರೆ ಕರೆಂಟ್ ನೇರ ಗೆರೆಯಂತೆ ಏರುತ್ತದೆ. ಏರುವ ವೇಗ ಎಂದರೆ ವೋಲ್ಟೇಜನ್ನು ಇಂಡಕ್ಟೆನ್ಸಿನಿಂದ ಭಾಗಿಸಿದಷ್ಟು. 12 ವೋಲ್ಟ್, 33 ಮೈಕ್ರೊಹೆನ್ರಿ ಆದರೆ ಪ್ರತಿ ಮೈಕ್ರೊಸೆಕೆಂಡಿಗೆ 0.36 ಆಂಪಿಯರ್. ಇಂಡಕ್ಟೆನ್ಸ್ ಕುಸಿದ ಕಡೆ ಗೆರೆ ಮೇಲಕ್ಕೆ ಬಾಗುತ್ತದೆ. ಆ ಬಾಗು ಎಷ್ಟು ಆಂಪಿಯರಿಗೆ ಶುರುವಾಗುತ್ತದೆ ಎಂದು ನೋಡುವುದೇ ಇಡೀ ಪರೀಕ್ಷೆ.

ಬೇಕಾದ ಸಾಮಾನೆಲ್ಲ ಬೆಂಗಳೂರಿನ ಎಸ್‌ಪಿ ರೋಡಿನಂಥ ಕಡೆ ಸಿಗುತ್ತವೆ: 4700 ಮೈಕ್ರೊಫ್ಯಾರಡ್, 25 ವೋಲ್ಟಿನ ಕಡಿಮೆ ಇಎಸ್‌ಆರ್ (ಕೆಪಾಸಿಟರಿನ ಒಳ ಪ್ರತಿರೋಧ) ಕೆಪಾಸಿಟರ್ ಎರಡು, ಐಆರ್‌ಎಫ್‌ಝಡ್44ಎನ್ ಮಾಸ್ಫೆಟ್, ಗೇಟ್ ಡ್ರೈವರ್ ಟಿಸಿ4427, 1ಎನ್5822 ಶಾಟ್ಕಿ ಡಯೋಡ್, 1 ಓಮಿನ ಮೆಟಲ್ ಫಿಲ್ಮ್ ರೆಸಿಸ್ಟರ್ 20, 10 ಓಮ್ ಮತ್ತು 10 ಕಿಲೊಓಮ್ ರೆಸಿಸ್ಟರ್ ಒಂದೊಂದು, ಪಲ್ಸ್ ಕೊಡಲು ಆರ್ಡುಯಿನೊ ಊನೊ.

ಬೆಂಚ್ ಸಪ್ಲೈನಿಂದ 12 ವೋಲ್ಟ್ ಕೆಪಾಸಿಟರುಗಳಿಗೆ. ಕೆಪಾಸಿಟರಿನ ಪ್ಲಸ್‌ನಿಂದ ಇಂಡಕ್ಟರ್, ಅಲ್ಲಿಂದ ಮಾಸ್ಫೆಟ್ ಡ್ರೇನ್. ಸೋರ್ಸ್‌ನಿಂದ ಶಂಟ್ ರೆಸಿಸ್ಟರ್ (ಕರೆಂಟ್ ಅಳೆಯಲು ಇಡುವ ಸಣ್ಣ ಪ್ರತಿರೋಧ) ಮೂಲಕ ಗ್ರೌಂಡ್. ಡಯೋಡ್ ಇಂಡಕ್ಟರಿಗೆ ಅಡ್ಡಲಾಗಿ, ಅದರ ಪಟ್ಟೆಯ ತುದಿ ಪ್ಲಸ್ ಕಡೆಗೆ. ಮಾಸ್ಫೆಟ್ ಆಫ್ ಆದಾಗ ಇಂಡಕ್ಟರಿನ ಕರೆಂಟ್ ಈ ಡಯೋಡಿನಲ್ಲಿ ಸುತ್ತಿ ಇಳಿಯುತ್ತದೆ. ಇದನ್ನು ಮರೆತರೆ ಮೊದಲ ಪಲ್ಸಿಗೇ ಡ್ರೇನಿನ ವೋಲ್ಟೇಜ್ ಮಾಸ್ಫೆಟ್ಟಿನ 55 ವೋಲ್ಟ್ ಮಿತಿಯನ್ನು ಮುಟ್ಟುತ್ತದೆ. ಡ್ರೈವರಿಗೂ ಅದೇ 12 ವೋಲ್ಟ್ ಕೊಡಿ. ಡ್ರೈವರಿನಿಂದ ಗೇಟಿಗೆ 10 ಓಮ್. ಡ್ರೈವರಿನ ಇನ್‌ಪುಟ್ಟಿನಿಂದ ಗ್ರೌಂಡಿಗೆ 10 ಕಿಲೊಓಮ್ ಕಡ್ಡಾಯ: ಆರ್ಡುಯಿನೊ ಶುರುವಾಗುವ ಹೊತ್ತಿಗೆ ಅದರ ಪಿನ್ ತೇಲುತ್ತಿರುತ್ತದೆ, ಆಗ ಮಾಸ್ಫೆಟ್ ತಾನಾಗಿ ಆನ್ ಆಗಬಾರದು.

ಹೆಚ್ಚು ಗಮನ ಬೇಡುವುದು ಶಂಟ್. ಬಿಳಿ ಸಿಮೆಂಟಿನ 5 ವ್ಯಾಟ್ ರೆಸಿಸ್ಟರ್ ಹಾಕಲು ಮನಸ್ಸಾಗುತ್ತದೆ, ಹಾಕಬೇಡಿ. ಅದರೊಳಗಿರುವುದು ಸುತ್ತಿದ ತಂತಿ, ಅದಕ್ಕೇ ಇಂಡಕ್ಟೆನ್ಸ್ ಇರುತ್ತದೆ. ಬರೀ 200 ನ್ಯಾನೊಹೆನ್ರಿ ಇದ್ದರೂ ಕರೆಂಟ್ ಮೈಕ್ರೊಸೆಕೆಂಡಿಗೆ 1 ಆಂಪಿಯರ್ ಏರುವಾಗ 0.2 ವೋಲ್ಟ್ ಸುಳ್ಳು ಸಿಗ್ನಲ್ ಸೇರುತ್ತದೆ, 0.05 ಓಮ್ ಶಂಟಿನಲ್ಲಿ ಅದು 4 ಆಂಪಿಯರಿಗೆ ಸಮ. ಬದಲಿಗೆ ಎರಡು ತಾಮ್ರದ ಪಟ್ಟಿಗಳ ನಡುವೆ 1 ಓಮಿನ 20 ಮೆಟಲ್ ಫಿಲ್ಮ್ ರೆಸಿಸ್ಟರುಗಳನ್ನು, ಕಾಲು ಆದಷ್ಟು ಗಿಡ್ಡ ಮಾಡಿ, ಸಾಲಾಗಿ ಬೆಸುಗೆ ಹಾಕಿ. ಒಟ್ಟು 0.05 ಓಮ್, ಅಂದರೆ ಆಂಪಿಯರಿಗೆ 50 ಮಿಲಿವೋಲ್ಟ್. ಬೆಸುಗೆಯ ಪ್ರತಿರೋಧವೂ ಸೇರಿಕೊಳ್ಳುವುದರಿಂದ, ಬೆಂಚ್ ಸಪ್ಲೈನಿಂದ ಸರಿಯಾಗಿ 1 ಆಂಪಿಯರ್ ಹರಿಸಿ, ಪ್ರೋಬ್ ಇಡುವ ಜಾಗದಲ್ಲೇ ಮಿಲಿವೋಲ್ಟ್ ಅಳೆದು ಬರೆದಿಟ್ಟುಕೊಳ್ಳಿ.

ಬ್ರೆಡ್‌ಬೋರ್ಡ್ ಈ ಕೆಲಸಕ್ಕೆ ಆಗದು. ಅದರ ಸ್ಪ್ರಿಂಗುಗಳು ಇಷ್ಟು ಕರೆಂಟಿಗೆ ಮಾಡಿದವಲ್ಲ. ಕೆಪಾಸಿಟರ್, ಇಂಡಕ್ಟರ್, ಮಾಸ್ಫೆಟ್, ಶಂಟ್ – ಈ ಸುತ್ತು ಬೆರಳುದ್ದದಲ್ಲಿ ಮುಗಿಯುವಂತೆ ದಪ್ಪ ತಂತಿಯಲ್ಲಿ ಬೆಸುಗೆ ಹಾಕಿ. ಬೆಂಚ್ ಸಪ್ಲೈನ ಕರೆಂಟ್ ಮಿತಿ 0.5 ಆಂಪಿಯರಿಗೆ ಇಡಿ. ಪಲ್ಸಿನ ಕರೆಂಟ್ ಬರುವುದು ಕೆಪಾಸಿಟರಿನಿಂದ, ಸಪ್ಲೈ ಅದನ್ನು ಮತ್ತೆ ತುಂಬುತ್ತದೆ ಅಷ್ಟೆ. ಮಾಸ್ಫೆಟ್ ಆನ್ ಆಗಿಯೇ ಉಳಿದುಬಿಟ್ಟರೂ ಹೆಚ್ಚು ಸುಡುವುದಿಲ್ಲ.

ಪಲ್ಸ್ ಕೊಡುವ ಕ್ರಮ

ಆರ್ಡುಯಿನೊದಲ್ಲಿ ಪಲ್ಸಿನ ಅವಧಿ 5 ಮೈಕ್ರೊಸೆಕೆಂಡಿನಿಂದ ಶುರುವಾಗಲಿ; ಎರಡು ಪಲ್ಸುಗಳ ನಡುವೆ 200 ಮಿಲಿಸೆಕೆಂಡ್ ಬಿಡುವು. ಪಲ್ಸ್ ನಡೆಯುವಾಗ ಇಂಟರಪ್ಟ್ ನಿಲ್ಲಿಸಿ ಮತ್ತು ಪಿನ್ನನ್ನು ನೇರವಾಗಿ ಪೋರ್ಟ್ ಮೂಲಕ ಆನ್-ಆಫ್ ಮಾಡಿ. ಇಲ್ಲದಿದ್ದರೆ ಅವಧಿ ಒಂದೊಂದು ಸಲ ಒಂದೊಂದು ಥರ ಆಗುತ್ತದೆ. ಪ್ರೋಗ್ರಾಮಿನಲ್ಲಿ ಅವಧಿಗೆ ಗರಿಷ್ಠ ಮಿತಿ ಇರಲೇಬೇಕು. ಸ್ಯಾಚುರೇಟ್ ಆದ ಇಂಡಕ್ಟರಿನಲ್ಲಿ ಕರೆಂಟನ್ನು ತಡೆಯುವುದು ತಂತಿ, ಶಂಟ್, ಮಾಸ್ಫೆಟ್ಟುಗಳ ಪ್ರತಿರೋಧ ಮಾತ್ರ, ಒಟ್ಟು 0.2 ಓಮ್ ಎಂದರೆ 60 ಆಂಪಿಯರಿನವರೆಗೆ ದಾರಿ ತೆರೆದಂತೆ.

ಸ್ಕೋಪಿನ ಮೊದಲ ಚಾನೆಲ್ ಶಂಟಿಗೆ, ಗ್ರೌಂಡ್ ಕ್ಲಿಪ್ ಶಂಟಿನ ಗ್ರೌಂಡ್ ತುದಿಗೇ. ಎರಡನೆಯದು ಗೇಟಿಗೆ, ಟ್ರಿಗರ್ ಅದರ ಏರುವ ಅಂಚಿನ ಮೇಲೆ. ಪರದೆಯ ಪ್ರತಿ ಚೌಕಕ್ಕೆ 50 ಮಿಲಿವೋಲ್ಟ್, 2 ಮೈಕ್ರೊಸೆಕೆಂಡ್ ಇಟ್ಟು ಶುರು ಮಾಡಿ, ಗೆರೆ ಬಾಗುವುದು ಕಾಣುವವರೆಗೆ ಪಲ್ಸನ್ನು 1 ಮೈಕ್ರೊಸೆಕೆಂಡಿನಂತೆ ಉದ್ದ ಮಾಡುತ್ತಾ ಹೋಗಿ.

ಯಾವುದೇ ಇಂಡಕ್ಟರ್ ಅಳೆಯುವ ಮುನ್ನ ಸರ್ಕ್ಯೂಟನ್ನೇ ಪರೀಕ್ಷಿಸಬೇಕು. 40 ಮಿಲಿಮೀಟರ್ ಪಿವಿಸಿ ಪೈಪಿನ ತುಂಡಿಗೆ 21 ಗೇಜ್ ಎನಾಮೆಲ್ ತಂತಿಯನ್ನು ಒತ್ತೊತ್ತಾಗಿ 40 ಸುತ್ತು ಹಾಕಿ. 50 ಮೈಕ್ರೊಹೆನ್ರಿ ಆಸುಪಾಸಿನ ಸುರುಳಿ ಸಿಗುತ್ತದೆ. ಕೋರ್ ಇಲ್ಲದ್ದು ಸ್ಯಾಚುರೇಟ್ ಆಗುವ ಮಾತೇ ಇಲ್ಲ. ಇದರ ಗೆರೆ ನೇರ ಹೋಗಿ, ಕರೆಂಟ್ ಹೆಚ್ಚಿದಾಗ ಪ್ರತಿರೋಧದಿಂದ ತುಸು ಕೆಳಕ್ಕೆ ಬಾಗಬೇಕು. ಇದೂ ಮೇಲಕ್ಕೆ ಬಾಗಿದರೆ ತಪ್ಪಿರುವುದು ಶಂಟಿನಲ್ಲಿ ಅಥವಾ ಪ್ರೋಬ್ ಹಿಡಿದ ಜಾಗದಲ್ಲಿ. ಅದನ್ನು ಸರಿಪಡಿಸದೆ ಮುಂದೆ ಹೋಗಬೇಡಿ.

ಗೆರೆಯನ್ನು ಓದುವುದು

ಕಣ್ಣಂದಾಜನ್ನು ನಂಬಬೇಡಿ. ಇಂಡಕ್ಟೆನ್ಸ್ ಶೇಕಡಾ 10 ಇಳಿದಾಗ ಏರಿಕೆಯ ವೇಗ 1.11 ಪಟ್ಟು, ಶೇಕಡಾ 20 ಇಳಿದಾಗ 1.25 ಪಟ್ಟು, ಶೇಕಡಾ 30 ಇಳಿದಾಗ 1.43 ಪಟ್ಟು. ಬಾಗು ಕಣ್ಣಿಗೆ ಎದ್ದು ಕಾಣುವ ಹೊತ್ತಿಗೆ ಕೋರ್ ಆಗಲೇ ಸಾಕಷ್ಟು ಕಳೆದುಕೊಂಡಿರುತ್ತದೆ. ಹಾಗಾಗಿ ಕರ್ಸರ್ ಬಳಸಿ 2 ಮೈಕ್ರೊಸೆಕೆಂಡಿನ ತುಂಡು ತುಂಡಾಗಿ ಅಳೆಯಿರಿ. ಶುರುವಿನಿಂದ ಕೊನೆಯವರೆಗೆ ಒಂದೇ ಗೆರೆ ಎಳೆದು ಲೆಕ್ಕ ಹಾಕಿದರೆ ಸರಾಸರಿ ಬರುತ್ತದೆ, ಅದು ಯಾವಾಗಲೂ ವಾಸ್ತವಕ್ಕಿಂತ ಚೆನ್ನಾಗಿ ಕಾಣುತ್ತದೆ.

ಪ್ರತಿರೋಧದ ಲೆಕ್ಕವನ್ನೂ ಕಳೆಯಬೇಕು. ಸುರುಳಿ, ಶಂಟ್, ಮಾಸ್ಫೆಟ್, ಕೆಪಾಸಿಟರಿನ ಇಎಸ್‌ಆರ್ ಸೇರಿ 0.12 ಓಮ್ ಎಂದಿಟ್ಟುಕೊಳ್ಳಿ. ಶುರುವಿನ 2 ಮೈಕ್ರೊಸೆಕೆಂಡಿನಲ್ಲಿ ಕರೆಂಟ್ 0.73 ಆಂಪಿಯರ್ ಏರಿದೆ: 12 ವೋಲ್ಟನ್ನು 2ರಿಂದ ಗುಣಿಸಿ 0.73ರಿಂದ ಭಾಗಿಸಿದರೆ 33 ಮೈಕ್ರೊಹೆನ್ರಿ, ಸರಿ. 3 ಆಂಪಿಯರಿನ ಸುತ್ತಮುತ್ತ ಅದೇ 2 ಮೈಕ್ರೊಸೆಕೆಂಡಿಗೆ 0.9 ಆಂಪಿಯರ್ ಏರಿದ್ದರೆ? ಅಲ್ಲಿ ಇಂಡಕ್ಟರಿಗೆ ಸಿಗುವುದು 12ರಲ್ಲಿ 0.36 ಕಳೆದು 11.64 ವೋಲ್ಟ್. ಲೆಕ್ಕ ಹಾಕಿದರೆ ಸುಮಾರು 26 ಮೈಕ್ರೊಹೆನ್ರಿ, ಅಂದರೆ ಶೇಕಡಾ 21 ಇಳಿತ. ಇದರ ‘ಶೇಕಡಾ 20ರ’ ಸ್ಯಾಚುರೇಶನ್ ಕರೆಂಟ್ 3 ಆಂಪಿಯರಿಗಿಂತ ತುಸು ಕೆಳಗೇ ಇದೆ.

ಈ ಇಂಡಕ್ಟರನ್ನು 150 ಕಿಲೊಹರ್ಟ್ಸಿನ ಎಲ್‌ಎಂ2596 ಬಕ್ ಕನ್ವರ್ಟರ್ ಐಸಿ ಜೊತೆ 12 ವೋಲ್ಟಿನಿಂದ 5 ವೋಲ್ಟಿಗೆ ಬಳಸಿದರೆ ರಿಪಲ್ ಸುಮಾರು 0.6 ಆಂಪಿಯರ್, 3 ಆಂಪಿಯರ್ ಲೋಡಿಗೆ ಪೀಕ್ 3.3. ಇಂಡಕ್ಟೆನ್ಸ್ ಇಳಿದಂತೆ ರಿಪಲ್ ಹೆಚ್ಚುತ್ತದೆ, ರಿಪಲ್ ಹೆಚ್ಚಿದಂತೆ ಪೀಕ್ ಏರುತ್ತದೆ, ಪೀಕ್ ಏರಿದಂತೆ ಇಂಡಕ್ಟೆನ್ಸ್ ಮತ್ತೆ ಇಳಿಯುತ್ತದೆ. ಔಟ್‌ಪುಟ್ ಶಾರ್ಟ್ ಆದಾಗ ಆ ಐಸಿಯ ಕರೆಂಟ್ ಮಿತಿ ಸಾಮಾನ್ಯವಾಗಿ 4.5 ಆಂಪಿಯರ್. ಆ ಕರೆಂಟಿನಲ್ಲೂ ಉಸಿರಾಡುವ ಇಂಡಕ್ಟರ್ ಆರಿಸುವುದೇ ಸರಿ. ನಾವಂತೂ ಪೀಕ್ ಕರೆಂಟಿನ ಮೇಲೆ ಕನಿಷ್ಠ ಶೇಕಡಾ 30 ಹೆಚ್ಚುವರಿ ಇಡುವಂತೆ ಹೇಳುತ್ತೇವೆ.

ಎಡವುವ ಜಾಗಗಳು

ಗೆರೆ ಶೂನ್ಯದಿಂದ ಶುರುವಾಗದೆ ಮೆಟ್ಟಿಲು ಹತ್ತಿ ಶುರುವಾದರೆ, ಹಿಂದಿನ ಪಲ್ಸಿನ ಕರೆಂಟ್ ಇನ್ನೂ ಡಯೋಡಿನಲ್ಲಿ ಸುತ್ತುತ್ತಿದೆ, ಬಿಡುವು ಹೆಚ್ಚಿಸಿ. ಬಿಡುವು ಸಾಕಷ್ಟಿದ್ದೂ ಸಣ್ಣ ಮೆಟ್ಟಿಲು ಉಳಿದರೆ ಅದು ಶಂಟಿನ ಇಂಡಕ್ಟೆನ್ಸ್. ಗಾಳಿಯ ಅಂತರವಿಲ್ಲದ ಫೆರೈಟ್ ಉಂಗುರ ಮೊದಲ ಪಲ್ಸಿಗಿಂತ ಎರಡನೆಯದಕ್ಕೆ ಬೇಗ ಸ್ಯಾಚುರೇಟ್ ಆಗುತ್ತದೆ, ಏಕೆಂದರೆ ಕೋರಿನಲ್ಲಿ ಕಾಂತತ್ವ ಉಳಿದಿರುತ್ತದೆ. ಕನ್ವರ್ಟರಿನಲ್ಲೂ ಅದು ಹಾಗೆಯೇ ಇರುವುದರಿಂದ ಎರಡನೆಯದನ್ನೇ ಲೆಕ್ಕಕ್ಕೆ ತೆಗೆದುಕೊಳ್ಳಿ. ಸ್ಕೋಪಿನ ಗ್ರೌಂಡ್ ಕ್ಲಿಪ್ ಮೇನ್ಸ್ ಅರ್ಥ್‌ಗೆ ಸೇರಿರುತ್ತದೆ. ಬೆಂಚ್ ಸಪ್ಲೈನ ಪ್ಲಸ್ ಕೂಡ ಅರ್ಥ್‌ಗೆ ಜೋಡಿಸಿದ್ದರೆ ಕ್ಲಿಪ್ ಹಾಕಿದೊಡನೆ ಶಾರ್ಟ್.

ಕೊನೆಗೆ ಬಿಸಿಯ ಪರೀಕ್ಷೆ. ಹಾಟ್ ಏರ್ ಗನ್ನಿನಿಂದ ಇಂಡಕ್ಟರನ್ನು ನಿಧಾನವಾಗಿ ಕಾಯಿಸಿ. ಕೋರಿಗೆ ಥರ್ಮೋಕಪಲ್ ಅಂಟಿಸಿ, 90–100 ಡಿಗ್ರಿ ತಲುಪಿ ಐದು ನಿಮಿಷ ನಿಂತ ಮೇಲೆ ಅದೇ ಪಲ್ಸ್ ಕೊಡಿ. ಫೆರೈಟ್ ಆದರೆ ಬಾಗು ಎಡಕ್ಕೆ ಸರಿದಿರುತ್ತದೆ. ವಿನ್ಯಾಸಕ್ಕೆ ಹಿಡಿಯಬೇಕಾದ ಅಂಕಿ ಇದು, ತಣ್ಣಗಿದ್ದಾಗಿನದಲ್ಲ. ಅಳೆದ ಇಂಡಕ್ಟರನ್ನು ಡಬ್ಬಿಗೆ ಹಾಕುವ ಮುಂಚೆ ಚೀಟಿ ಅಂಟಿಸಿ, ಶುರುವಿನ ಇಂಡಕ್ಟೆನ್ಸ್, ಶೇಕಡಾ 20 ಇಳಿಯುವ ಕರೆಂಟ್, ಅಳೆದಾಗಿನ ತಾಪಮಾನ – ಮೂರನ್ನೂ ಬರೆಯಿರಿ.